ಮ್ಯಾಂಚೆಸ್ಟರಿನ ಹಸಿವು, ಧಾರವಾಡದ ಹತ್ತಿ

(ಧಾರವಾಡದ ಕಾಲೇಜೊಂದರಲ್ಲಿ ವಿದ್ಯಾರ್ಥಿಗಳೆದುರು ಆಡಿದ ಮಾತುಗಳ ಬರಹ ರೂಪ. ನಡುವೆ ಬಂದ ಪ್ರಶ್ನೆಗಳನ್ನು ಆಯಾ ಜಾಗದಲ್ಲೇ ಉಳಿಸಿಕೊಂಡಿದ್ದೇನೆ.)

ಎಲ್ಲೋ ನಡೆಯುವ ಯುದ್ಧ ಇಲ್ಲಿ ಕುಳಿತವರ ನಿದ್ದೆಯನ್ನು ಏಕೆ ಕೆಡಿಸುತ್ತದೆ? ನೀವು ಕೊಟ್ಟ ಈ ಪ್ರಶ್ನೆಗೆ ಎರಡು ಸಿದ್ಧ ಉತ್ತರಗಳಿವೆ. ಮನುಷ್ಯನ ನೋವು ಮನುಷ್ಯನಿಗೆ ತಟ್ಟುತ್ತದೆ ಎಂಬುದು ಒಂದು. ಜೇಬಿಗೆ ಬಿಸಿ ಮುಟ್ಟಿದಾಗ ಎಲ್ಲರೂ ತಿರುಗಿ ನೋಡುತ್ತಾರೆ ಎಂಬುದು ಇನ್ನೊಂದು. ಮೊದಲನೆಯದು ಪೂರ್ತಿ ನಿಜವಾಗಿದ್ದರೆ ಜಗತ್ತಿನ ಯುದ್ಧಗಳೆಲ್ಲ ನಮ್ಮನ್ನು ಒಂದೇ ಸಮನಾಗಿ ಕಾಡಬೇಕಿತ್ತು, ಹಾಗೇನೂ ಕಾಡುವುದಿಲ್ಲ. ಎರಡನೆಯದನ್ನು ಗಟ್ಟಿಯಾಗಿ ನಂಬಿದವರು ಒಮ್ಮೆ ಯುದ್ಧಕ್ಕೇ ಇಳಿದರು, ಸೋತರು. ನಾನು ಅವರಿಂದಲೇ ಶುರು ಮಾಡುತ್ತೇನೆ, ಏಕೆಂದರೆ ಆ ಕಥೆಯಲ್ಲಿ ನೀವು ಕುಳಿತಿರುವ ಈ ಧಾರವಾಡಕ್ಕೂ ಒಂದು ಪಾತ್ರವಿದೆ. ನಮ್ಮ ಪಠ್ಯಪುಸ್ತಕಗಳಲ್ಲಿ ಅದಕ್ಕೆ ಜಾಗ ಸಿಕ್ಕಿದ್ದನ್ನು ನಾನು ನೋಡಿಲ್ಲ.

1858ರ ಮಾರ್ಚ್ 4ರಂದು ಅಮೆರಿಕದ ಸೆನೆಟ್‌ನಲ್ಲಿ ದಕ್ಷಿಣ ಕೆರೊಲಿನಾದ ಜೇಮ್ಸ್ ಹೆನ್ರಿ ಹ್ಯಾಮಂಡ್ ಎಂಬ ಸದಸ್ಯ ಒಂದು ಭಾಷಣ ಮಾಡಿದ. ಅವನು ನೂರಾರು ಗುಲಾಮರ ಒಡೆಯ. ಹತ್ತಿಯೇ ರಾಜ, ಹತ್ತಿಯ ಮೇಲೆ ಯುದ್ಧ ಸಾರುವ ಧೈರ್ಯ ಭೂಮಿಯ ಮೇಲಿನ ಯಾವ ಶಕ್ತಿಗೂ ಇಲ್ಲ ಎಂದ. ನಾವು ಮೂರು ವರ್ಷ ಹತ್ತಿ ಕಳಿಸದಿದ್ದರೆ ಇಂಗ್ಲೆಂಡ್ ತಲೆಕೆಳಗಾಗಿ ಬೀಳುತ್ತದೆ ಎಂದೂ ಹೇಳಿದ. ಇದು ಬರೀ ಜಂಬವಾಗಿರಲಿಲ್ಲ, ಅದರ ಹಿಂದೆ ಲೆಕ್ಕವಿತ್ತು. ಇಂಗ್ಲೆಂಡಿನ ಗಿರಣಿಗಳು ನೂಲುತ್ತಿದ್ದ ಹತ್ತಿಯಲ್ಲಿ ಮುಕ್ಕಾಲು ಪಾಲಿನಷ್ಟು ಅಮೆರಿಕದ ದಕ್ಷಿಣ ರಾಜ್ಯಗಳಿಂದ, ಗುಲಾಮರ ಕೈಯಿಂದ ಬರುತ್ತಿತ್ತು. ಹತ್ತಿ ನಿಂತರೆ ಗಿರಣಿ ನಿಲ್ಲುತ್ತದೆ, ಗಿರಣಿ ನಿಂತರೆ ಕೂಲಿಕಾರ ಹಸಿಯುತ್ತಾನೆ, ಹಸಿದವನು ಬೀದಿಗಿಳಿಯುತ್ತಾನೆ, ಆಗ ಬ್ರಿಟಿಷ್ ಸರ್ಕಾರ ಬೇರೆ ದಾರಿಯಿಲ್ಲದೆ ನಮ್ಮ ಬೆಂಬಲಕ್ಕೆ ಬರುತ್ತದೆ. ಇದು ಅವರ ಎಣಿಕೆ.

1861ರ ಏಪ್ರಿಲ್‌ನಲ್ಲಿ ಅಮೆರಿಕದ ಉತ್ತರ ರಾಜ್ಯಗಳಿಗೂ ಅವುಗಳಿಂದ ಬೇರೆಯಾಗ ಹೊರಟ ದಕ್ಷಿಣ ರಾಜ್ಯಗಳಿಗೂ ಯುದ್ಧ ಶುರುವಾಯಿತು. ಅಮೆರಿಕದ ಅಧ್ಯಕ್ಷ ಲಿಂಕನ್ ದಕ್ಷಿಣದ ಬಂದರುಗಳಿಗೆ ನೌಕಾ ದಿಗ್ಬಂಧನ ಘೋಷಿಸಿದರು. ದಕ್ಷಿಣದವರು ತಾವಾಗಿಯೂ ಹತ್ತಿಯನ್ನು ಹಿಡಿದಿಟ್ಟುಕೊಂಡರು. ಹಿಂದಿನ ವರ್ಷಗಳ ದಾಸ್ತಾನು ಇದ್ದುದರಿಂದ ಮೊದಲ ಕೆಲವು ತಿಂಗಳು ಇಂಗ್ಲೆಂಡಿಗೆ ಬಿಸಿ ಗೊತ್ತಾಗಲಿಲ್ಲ. 1862ರಲ್ಲಿ ಗೊತ್ತಾಯಿತು. ಮ್ಯಾಂಚೆಸ್ಟರ್, ಬ್ಲ್ಯಾಕ್‌ಬರ್ನ್, ಪ್ರೆಸ್ಟನ್, ಸ್ಟೇಲಿಬ್ರಿಜ್, ರಾಚ್‌ಡೇಲ್ ಹೀಗೆ ಲ್ಯಾಂಕಷೈರ್ ಸೀಮೆಯ ಊರಿಗೆ ಊರೇ ಹತ್ತಿಯ ಮೇಲೆ ಬದುಕಿತ್ತು. ಆ ವರ್ಷದ ಚಳಿಗಾಲಕ್ಕೆ ಸುಮಾರು 5 ಲಕ್ಷ ಜನ ಪರಿಹಾರದ ಗಂಜಿಗೆ ಕೈಯೊಡ್ಡಿದ್ದರು. ಹಾಸಿಗೆ, ಹೊದಿಕೆ, ಮದುವೆಯ ಉಂಗುರ ಗಿರವಿ ಅಂಗಡಿ ಸೇರಿದವು. ನಾಜೂಕಾದ ಎಳೆ ಹಿಡಿದು ಪಳಗಿದ ಕೈಗಳಿಗೆ ಪರಿಹಾರದ ಕೆಲಸವೆಂದು ಕಲ್ಲು ಒಡೆಯಲು ಹಚ್ಚಿದರು. ಹ್ಯಾಮಂಡನ ಲೆಕ್ಕ ಇಲ್ಲಿಯವರೆಗೆ ಅಕ್ಷರಶಃ ಸರಿಯಾಗಿತ್ತು.

ಲೆಕ್ಕ ತಪ್ಪಿದ್ದು 1862ರ ಡಿಸೆಂಬರ್ 31ರಂದು. ಮ್ಯಾಂಚೆಸ್ಟರಿನ ಫ್ರೀ ಟ್ರೇಡ್ ಹಾಲ್‌ನಲ್ಲಿ ದುಡಿಯುವ ಜನರ ದೊಡ್ಡ ಸಭೆ ಸೇರಿತು. ಮರುದಿನ, ಅಂದರೆ 1863ರ ಜನವರಿ 1ರಂದು, ಬಂಡೆದ್ದ ರಾಜ್ಯಗಳ ಗುಲಾಮರು ಇನ್ನು ಸ್ವತಂತ್ರರು ಎಂಬ ಲಿಂಕನ್‌ರ ಘೋಷಣೆ ಜಾರಿಗೆ ಬರುವುದಿತ್ತು. ಸಭೆ ಲಿಂಕನ್‌ರಿಗೆ ಒಂದು ಪತ್ರ ಬರೆಯಿತು. ಹತ್ತಿ ಕಳಿಸಿಕೊಡಿ ಎಂಬ ಬೇಡಿಕೆ ಅದರಲ್ಲಿರಲಿಲ್ಲ. ಗುಲಾಮಗಿರಿಯನ್ನು ಅಳಿಸಲು ನೀವು ಹಿಡಿದ ಕೆಲಸವನ್ನು ಅರ್ಧಕ್ಕೆ ಬಿಡಬೇಡಿ, ಪೂರ್ತಿ ಮಾಡಿ ಎಂದಿತ್ತು. ತಮ್ಮ ಒಲೆ ಆರಿಸಿದ ಯುದ್ಧದಲ್ಲಿ ಒಲೆ ಆರಿಸಿದವರ ಪರವಾಗಿಯೇ ಅವರು ನಿಂತರು. ಜನವರಿ 19ರಂದು ಲಿಂಕನ್ ಉತ್ತರ ಬರೆದರು. ಮ್ಯಾಂಚೆಸ್ಟರಿನ ಕೆಲಸಗಾರರು ಅನುಭವಿಸುತ್ತಿರುವ ಸಂಕಟ ನನಗೆ ಗೊತ್ತು, ಅದಕ್ಕಾಗಿ ತೀವ್ರವಾಗಿ ನೊಂದಿದ್ದೇನೆ ಎಂದರು. ನಿಮ್ಮ ಈ ನಡೆಯನ್ನು ಮೀರಿಸುವ ಧೀರತನ ಯಾವ ಯುಗದಲ್ಲೂ ಯಾವ ದೇಶದಲ್ಲೂ ಕಂಡಿಲ್ಲ ಎಂಬ ಅರ್ಥದ ಮಾತನ್ನೂ ಬರೆದರು. ಮರುತಿಂಗಳು ನ್ಯೂಯಾರ್ಕಿನಿಂದ ಹಿಟ್ಟು ಹೇರಿಕೊಂಡು ‘ಜಾರ್ಜ್ ಗ್ರಿಸ್ವೋಲ್ಡ್’ ಎಂಬ ಹಡಗು ಲಿವರ್‌ಪೂಲಿಗೆ ಬಂತು. ಆ ಹಿಟ್ಟಿನ ಪೀಪಾಯಿಯೊಂದನ್ನು ರಾಚ್‌ಡೇಲ್ ಊರಿನ ವಸ್ತುಸಂಗ್ರಹಾಲಯ ಕಾಪಾಡಿಕೊಂಡಿದೆ.

ಈ ಕಥೆಯನ್ನು ಇಷ್ಟಕ್ಕೇ ಬಿಟ್ಟರೆ ಹರಿಕಥೆಯಾಗುತ್ತದೆ. ಆ ಜನ ಹೀಗೆ ಮಾಡಿದ್ದು ಏಕೆ ಎಂಬುದು ನನ್ನ ಕುತೂಹಲ. ಅವರು ನಮಗಿಂತ ಒಳ್ಳೆಯವರಾಗಿದ್ದರು ಎಂಬ ಉತ್ತರ ನನಗೆ ಸಾಲದು.

1859ರ ಜನವರಿಯಲ್ಲಿ, ಯುದ್ಧಕ್ಕೆ ಎರಡು ವರ್ಷ ಮೊದಲು, ಸಾರಾ ಪಾರ್ಕರ್ ರೆಮಂಡ್ ಎಂಬ ಹೆಣ್ಣುಮಗಳು ಹಡಗಿನಲ್ಲಿ ಲಿವರ್‌ಪೂಲಿಗೆ ಬಂದಿಳಿದಳು. ಮ್ಯಾಸಚೂಸೆಟ್ಸ್‌ನ ಸೇಲಂ ಊರಿನವಳು, ಸ್ವತಂತ್ರ ಕಪ್ಪು ಕುಟುಂಬದಲ್ಲಿ ಹುಟ್ಟಿದವಳು. ಬೋಸ್ಟನ್ನಿನ ರಂಗಮಂದಿರವೊಂದರಲ್ಲಿ ಟಿಕೆಟ್ ಇದ್ದರೂ ಬಿಳಿಯರ ಸಾಲಿನಲ್ಲಿ ಕೂರಬಾರದೆಂದು ಹೊರದಬ್ಬಿಸಿಕೊಂಡು, ನ್ಯಾಯಾಲಯಕ್ಕೆ ಹೋಗಿ ಗೆದ್ದವಳು. ಇಂಗ್ಲೆಂಡಿನ ಊರೂರುಗಳಲ್ಲಿ ಅವಳು ಉಪನ್ಯಾಸ ಮಾಡಿದಳು. ಆ ವರ್ಷ ಮ್ಯಾಂಚೆಸ್ಟರಿನಲ್ಲಿ ಅವಳು ಹೇಳಿದ್ದರ ಸಾರ ಇದು: ನಿಮ್ಮ ಬೀದಿಗಳಲ್ಲಿ ನಡೆಯುವಾಗ ಗಾಡಿಯ ಹಿಂದೆ ಗಾಡಿ ಹತ್ತಿ ಹೋಗುವುದನ್ನು ನೋಡುತ್ತೇನೆ. ಅದನ್ನು ಬೆಳೆದ ಎಂಬತ್ತು ಸಾವಿರ ತೋಟಗಳು ನನ್ನ ಕಣ್ಣ ಮುಂದೆ ಬರುತ್ತವೆ. ನಿಮ್ಮ ಮಾರುಕಟ್ಟೆಗೆ ಬರುವ ಹನ್ನೆರಡೂವರೆ ಕೋಟಿ ಡಾಲರಿನ ಹತ್ತಿಯಲ್ಲಿ ಒಂದು ಸೆಂಟ್ ಕೂಡ ದುಡಿದವರ ಕೈ ಸೇರಲಿಲ್ಲ ಎಂಬುದು ನೆನಪಾಗುತ್ತದೆ.

ದಯೆ ತೋರಿಸಿ ಎಂದು ಅವಳು ಕೇಳಲಿಲ್ಲ. ಅವರ ಬೀದಿಯ ಗಾಡಿಯ ಕಡೆಗೇ ಬೆರಳು ತೋರಿಸಿದಳು. ದಿನವೂ ಆ ಹತ್ತಿಯನ್ನೇ ಮುಟ್ಟುವವನಿಗೆ ಕೂಲಿಯ ಮಾತು ಹೇಳಿದಳು. ಕೂಲಿಯ ಮಾತು ಅವನಿಗೆ ಬಿಡಿಸಿ ಹೇಳಬೇಕಿರಲಿಲ್ಲ. ಅವಳಿಗಿಂತ ಮೊದಲು, 1845ರಿಂದ 1847ರವರೆಗೆ, ಗುಲಾಮಗಿರಿಯಿಂದ ತಪ್ಪಿಸಿಕೊಂಡು ಬಂದ ಫ್ರೆಡರಿಕ್ ಡಗ್ಲಸ್ ಬ್ರಿಟನ್ನಿನ ಊರುಗಳನ್ನು ಸುತ್ತಿದ್ದರು. ಅಂದರೆ 1862ರ ಆ ಡಿಸೆಂಬರ್ ರಾತ್ರಿಯ ಸಭೆ ಸುಮಾರು ಇಪ್ಪತ್ತು ವರ್ಷಗಳ ಮಾತಿನ ಫಲ. ಕಾಳಜಿ ಎಂಬುದು ಎದೆಯೊಳಗೆ ತಾನಾಗಿ ಚಿಮ್ಮುವ ಚಿಲುಮೆ ಎಂದು ನಾವು ತಿಳಿದಿರುತ್ತೇವೆ. ಲ್ಯಾಂಕಷೈರ್‌ನಲ್ಲಿ ಅದನ್ನು ಬಾವಿಯಂತೆ ತೋಡಿದ್ದರು.

ಇನ್ನೊಂದು ಸಂಗತಿ. ಆ ಸಭೆಯಲ್ಲಿದ್ದ ಬಹುತೇಕರಿಗೆ ತಮ್ಮ ದೇಶದಲ್ಲೇ ಮತದಾನದ ಹಕ್ಕಿರಲಿಲ್ಲ. ಅಮೆರಿಕದ ಉತ್ತರ ರಾಜ್ಯಗಳು ಗೆಲ್ಲುವುದೆಂದರೆ ಸಾಮಾನ್ಯ ಜನ ಆರಿಸಿದ ಸರ್ಕಾರವೂ ಬಾಳಬಲ್ಲದು ಎಂಬುದಕ್ಕೆ ಸಾಕ್ಷಿ ಸಿಕ್ಕಂತೆ ಎಂದು ಅವರು ಕಂಡರು. ರಾಚ್‌ಡೇಲ್‌ನ ಗಿರಣಿ ಮಾಲೀಕನೂ ಸಂಸದನೂ ಆಗಿದ್ದ ಜಾನ್ ಬ್ರೈಟ್ ಈ ಮಾತನ್ನು ಸಭೆಯಿಂದ ಸಭೆಗೆ ಹೇಳುತ್ತಾ ತಿರುಗಿದರು. ಹಾಗಾಗಿ ಅವರು ಪರರ ಯುದ್ಧದಲ್ಲಿ ತಮ್ಮದೇ ಇತ್ಯರ್ಥವಾಗದ ವ್ಯಾಜ್ಯವೊಂದನ್ನು ಕಂಡರು. ನನ್ನ ಇಡೀ ಉಪನ್ಯಾಸದಲ್ಲಿ ಹೇಳುವುದೊಂದಿದ್ದರೆ ಇದೇ: ದೂರದ ಯುದ್ಧದ ಸುದ್ದಿಯನ್ನು ವ್ಯಾಪಾರವೋ ನೆಂಟಸ್ತಿಕೆಯೋ ನಮ್ಮ ಬಾಗಿಲಿಗೆ ತರಬಹುದು. ಅದು ಒಳಗೆ ಬಂದು ಕೂರಬೇಕಾದರೆ ಅಲ್ಲಿನವರೊಬ್ಬರು ಬಂದು ಹೇಳಬೇಕು, ಕೇಳುವವನಲ್ಲಿ ಅದಕ್ಕೆ ಹೊಂದುವ ಹುಣ್ಣೊಂದು ಇರಬೇಕು.

ಇಲ್ಲಿ ಒಬ್ಬ ವಿದ್ಯಾರ್ಥಿನಿ ಎದ್ದು, ಎಲ್ಲರೂ ಹೀಗೆಯೇ ಇದ್ದರೇ ಎಂದು ಕೇಳಿದಳು. ಇಲ್ಲ. ಲಿವರ್‌ಪೂಲಿನ ವ್ಯಾಪಾರಿಗಳಲ್ಲಿ ಹೆಚ್ಚಿನವರು ದಕ್ಷಿಣದ ಕಡೆಗಿದ್ದರು. ನದಿಯಾಚೆಯ ಬರ್ಕನ್‌ಹೆಡ್‌ನಲ್ಲಿ ದಕ್ಷಿಣದವರಿಗಾಗಿ ಕಟ್ಟಿದ ‘ಅಲಬಾಮಾ’ ಎಂಬ ಹಡಗು ಉತ್ತರದ ವ್ಯಾಪಾರಿ ಹಡಗುಗಳನ್ನು ಬೇಟೆಯಾಡಿತು. ಅದಕ್ಕಾಗಿ ಬ್ರಿಟನ್ 1872ರಲ್ಲಿ ಜಿನೀವಾದ ಪಂಚಾಯಿತಿಯ ಮುಂದೆ ಒಂದೂವರೆ ಕೋಟಿ ಡಾಲರಿಗೂ ಹೆಚ್ಚು ದಂಡ ತೆರಬೇಕಾಯಿತು. ಕೂಲಿಕಾರರಲ್ಲೂ ದಕ್ಷಿಣವನ್ನು ಒಪ್ಪಿಕೊಳ್ಳಿ, ಹತ್ತಿ ಬರಲಿ ಎಂದವರು ಸಾಕಷ್ಟಿದ್ದರು. 1863ರ ಮಾರ್ಚ್‌ನಲ್ಲಿ ಸ್ಟೇಲಿಬ್ರಿಜ್‌ನಲ್ಲಿ ಪರಿಹಾರ ಕಡಿತ ಮಾಡಿದ್ದಕ್ಕೆ ದೊಂಬಿಯೇ ನಡೆಯಿತು. ಎಷ್ಟು ಊರುಗಳು ಯಾವ ಕಡೆ ಇದ್ದವು ಎಂಬುದರ ಬಗ್ಗೆ ಇತಿಹಾಸಕಾರರು ಇಂದಿಗೂ ಜಗಳವಾಡುತ್ತಾರೆ. ಮ್ಯಾಂಚೆಸ್ಟರಿನ ಸಭೆಯನ್ನು ಇಡೀ ಲ್ಯಾಂಕಷೈರ್‌ನ ಆತ್ಮ ಎಂದು ಮೆರೆಸುವುದು ತಪ್ಪು. ಆದರೆ ಅಷ್ಟು ಜನ ತಮ್ಮ ಹೊಟ್ಟೆಯ ವಿರುದ್ಧವೇ ಕೈ ಎತ್ತಿದರಲ್ಲ, ಅದಕ್ಕೆ ಉತ್ತರ ಹುಡುಕಲೇಬೇಕಾಗುತ್ತದೆ.

ಈಗ ಧಾರವಾಡಕ್ಕೆ ಬರೋಣ. 1840ರಲ್ಲಿ ಕಂಪನಿ ಸರ್ಕಾರ ಅಮೆರಿಕದ ಹತ್ತಿ ಸೀಮೆಯಿಂದ, ಅಂದರೆ ಗುಲಾಮಗಿರಿಯ ಸೀಮೆಯಿಂದ, ಹತ್ತು ಮಂದಿ ತೋಟದವರನ್ನು ಭಾರತಕ್ಕೆ ಕರೆಸಿತು. ಅಮೆರಿಕದ ಬೀಜ ಇಲ್ಲಿ ಬಿತ್ತಿ ತೋರಿಸಿ ಎಂದಿತು. ಹೆಚ್ಚಿನ ಕಡೆ ಪ್ರಯೋಗ ನೆಲಕಚ್ಚಿತು. ಹಿಡಿದದ್ದು ಇಲ್ಲಿ, ಈ ಎರೆ ನೆಲದಲ್ಲಿ. ನ್ಯೂ ಆರ್ಲಿಯನ್ಸ್ ಬೀಜ ನಮ್ಮ ರೈತರ ಬಾಯಲ್ಲಿ ವಿಲಾಯತಿ ಹತ್ತಿಯಾಯಿತು, ಊರ ಹತ್ತಿ ಜವಾರಿಯಾಗಿ ಉಳಿಯಿತು. ಅರಳೆ ಬಿಡಿಸಲು ಗರಗಸದ ಜಿನ್ನು ಯಂತ್ರಗಳು ಬಂದವು. ಅಂಡಿಗೆ ಕಟ್ಟಿ ಎತ್ತಿನ ಗಾಡಿಗಳಲ್ಲಿ ಘಟ್ಟ ಇಳಿಸಿ ಕುಮಟಾ ಬಂದರಿಗೆ, ಅಲ್ಲಿಂದ ಹಡಗಿನಲ್ಲಿ ಮುಂಬಯಿಗೆ, ಮುಂಬಯಿಯಿಂದ ಲಿವರ್‌ಪೂಲಿಗೆ. ಜವಾರಿ ಹತ್ತಿಗೆ ಲಿವರ್‌ಪೂಲಿನ ಪೇಟೆಯಲ್ಲಿ ‘ಕುಮಟಾ’ ಎಂದೇ ಹೆಸರಿತ್ತು.

ಅಮೆರಿಕದಲ್ಲಿ ಗುಂಡು ಹಾರಿದ್ದೇ ಈ ದಾರಿಯಲ್ಲಿ ಗಾಡಿಗಳು ಹೆಚ್ಚಿದವು. ಬೆಲೆ ಹಲವು ಪಟ್ಟು ಏರಿತು. 1862ರಲ್ಲಿ ಉತ್ತರ ಕನ್ನಡ ಜಿಲ್ಲೆಯನ್ನು ಮದ್ರಾಸ್ ಪ್ರಾಂತದಿಂದ ಕಿತ್ತು ಮುಂಬಯಿ ಪ್ರಾಂತಕ್ಕೆ ಸೇರಿಸಿದರು. ಹತ್ತಿ ಸಾಗಿಸಲು ಕಾರವಾರದಲ್ಲಿ ಬಂದರು ಕಟ್ಟಿಸಬೇಕೆಂಬ ಮ್ಯಾಂಚೆಸ್ಟರಿನವರ ಒತ್ತಾಯ ಅದರ ಹಿಂದಿತ್ತು. ನಮ್ಮ ಕರಾವಳಿಯ ಜಿಲ್ಲೆಯೊಂದು ಯಾವ ಪ್ರಾಂತದಲ್ಲಿರಬೇಕು ಎಂಬುದರಲ್ಲೂ ಹತ್ತಿಯ ಕೈಯಿತ್ತು, ನೋಡಿ! ಮ್ಯಾಂಚೆಸ್ಟರ್ ಕಾಟನ್ ಕಂಪನಿ ಎಂಬ ಸಂಸ್ಥೆ ಹತ್ತಿ ಒತ್ತುವ ಯಂತ್ರಗಳನ್ನು ಕಾರವಾರದ ಪಕ್ಕದ ಸದಾಶಿವಗಡಕ್ಕೆ ಹಡಗಿನಲ್ಲಿ ಕಳಿಸಿತು. ಬಂದು ನೋಡಿದರೆ ಇಳಿಸಲು ಧಕ್ಕೆಯಿಲ್ಲ, ಘಟ್ಟ ಹತ್ತಿಸಲು ನೆಟ್ಟಗಿನ ರಸ್ತೆಯಿಲ್ಲ. ಬೆಲೆ ಏರಿದ ಭರದಲ್ಲಿ ಹತ್ತಿಗೆ ಕಸ, ಬೀಜ, ಮಣ್ಣು ಬೆರೆಸುವುದು ಎಷ್ಟು ಹೆಚ್ಚಿತೆಂದರೆ 1863ರಲ್ಲಿ ಮುಂಬಯಿ ಸರ್ಕಾರ ಅದಕ್ಕೆಂದೇ ಒಂದು ಕಾಯಿದೆ ತಂದಿತು. ಮುಂಬಯಿಯಲ್ಲಿ ಷೇರುಗಳ ಹುಚ್ಚು ಕೆರಳಿತು. ವಿಶ್ವವಿದ್ಯಾಲಯದ ರಾಜಾಬಾಯಿ ಗಡಿಯಾರ ಗೋಪುರ ಆ ಕಾಲದ ಹತ್ತಿ ಮತ್ತು ಷೇರು ವ್ಯಾಪಾರಿ ಪ್ರೇಮಚಂದ್ ರಾಯಚಂದ್ ಕೊಟ್ಟ ಹಣದ್ದು. 1865ರಲ್ಲಿ ಅಮೆರಿಕದ ಯುದ್ಧ ಮುಗಿದ ಸುದ್ದಿ ಬಂದೊಡನೆ ಬೆಲೆ ಕುಸಿಯಿತು, ಮುಂಬಯಿ ದಿವಾಳಿಯೆದ್ದಿತು. ಒಳ್ಳೆಯ ಕಾಲದಲ್ಲಿ ಮಾಡಿದ ಸಾಲ ಹಳ್ಳಿಗಳಲ್ಲಿ ಹಾಗೆಯೇ ಉಳಿಯಿತು. ಹನ್ನೊಂದು ವರ್ಷ ಕಳೆಯುವಷ್ಟರಲ್ಲಿ, 1876ರಲ್ಲಿ, ಬರ ಬಂತು. ಧಾರವಾಡ, ವಿಜಾಪುರದ ಕಡೆ ಅದು ಏನು ಮಾಡಿತೆಂಬುದನ್ನು ನಿಮಗೆ ಹೇಳಬೇಕಿಲ್ಲ.

ಈ ಎರಡು ಊರುಗಳನ್ನು ಅಕ್ಕಪಕ್ಕ ಇಟ್ಟು ನೋಡಿ. ಅಮೆರಿಕದ ಯುದ್ಧದೊಂದಿಗೆ ನಮ್ಮ ರೈತನ ನಂಟು ಮ್ಯಾಂಚೆಸ್ಟರಿನವನ ನಂಟಿಗಿಂತ ಸಡಿಲವಾಗಿರಲಿಲ್ಲ. ಬೀಜವೇ ಅಲ್ಲಿಂದ ಬಂದದ್ದು. ಆದರೂ ಇಲ್ಲಿಗೆ ಯುದ್ಧ ಬಂದದ್ದು ಬರೀ ದರವಾಗಿ. ಆ ಬೀಜವನ್ನು ಅಲ್ಲಿ ಯಾರು ಬಿತ್ತುತ್ತಿದ್ದರು, ಬಿಡಿಸುತ್ತಿದ್ದವರ ಬೆನ್ನ ಮೇಲೆ ಏನಿತ್ತು ಎಂದು ಧಾರವಾಡದ ಪೇಟೆಯಲ್ಲಿ ನಿಂತು ಹೇಳಲು ಯಾವ ರೆಮಂಡ್ ಬಂದಿದ್ದಳು? ಕನ್ನಡದ ಮೊದಲ ಪತ್ರಿಕೆ ‘ಮಂಗಳೂರು ಸಮಾಚಾರ’ 1843ರಲ್ಲಿ ಹುಟ್ಟಿ ಬೇಗನೆ ನಿಂತುಹೋಗಿತ್ತು. ಅದೂ ಅಲ್ಲದೆ ಈ ನೆಲದಲ್ಲಿ ಆಗಷ್ಟೇ ಬೇರೆ ಗಾಯವಿತ್ತು. ಬ್ರಿಟಿಷರ ಮೇಲೆ ಬಂಡೆದ್ದ ನರಗುಂದದ ಬಾಬಾಸಾಹೇಬರನ್ನು ಬೆಳಗಾವಿಯಲ್ಲಿ ಗಲ್ಲಿಗೇರಿಸಿ, ಮುಂಡರಗಿ ಭೀಮರಾಯರು ಕೊಪ್ಪಳದ ಕೋಟೆಯಲ್ಲಿ ಬಿದ್ದು ಆಗಿನ್ನೂ ಮೂರು ವರ್ಷ. ಇತ್ಯರ್ಥವಾಗದ ವ್ಯಾಜ್ಯಕ್ಕೆ ಇಲ್ಲೇನೂ ಕೊರತೆಯಿರಲಿಲ್ಲ. ಎರಡನ್ನೂ ಸೇರಿಸಿ ಹೇಳುವ ಬಾಯಿ ಇರಲಿಲ್ಲ.

ಮ್ಯಾಂಚೆಸ್ಟರಿನ ಕಡೆಯಿಂದಲೂ ಇದೇ ಕುರುಡು. ಪಶ್ಚಿಮ ಭಾರತದ ಹತ್ತಿಗೆಲ್ಲ ಅಲ್ಲಿ ಸೂರತ್ ಎನ್ನುತ್ತಿದ್ದರು. ಅದರ ಎಳೆ ಗಿಡ್ಡ, ಮಗ್ಗದಲ್ಲಿ ಮತ್ತೆ ಮತ್ತೆ ತುಂಡಾಗುತ್ತಿತ್ತು. ತುಂಡಾದಷ್ಟೂ ಕೂಲಿ ಕಡಿತ. ಚರ್ಚಿನ ಪ್ರಾರ್ಥನೆಯಲ್ಲಿ ದೇವರೇ ನಮಗೆ ಹತ್ತಿ ಕಳಿಸು ಎಂದು ಪಾದ್ರಿ ಬೇಡಿದಾಗ, ‘ಸೂರತ್ ಮಾತ್ರ ಬೇಡ ಸ್ವಾಮಿ’ ಎಂದು ಹಿಂದಿನ ಸಾಲಿನಿಂದ ಯಾರೋ ಕೂಗಿದರೆಂಬ ಕಥೆ ಚಾಲ್ತಿಯಲ್ಲಿದೆ. ಕೆರೊಲಿನಾದ ಗುಲಾಮನಿಗಾಗಿ ಹಸಿವು ತಡೆದ ಜನ ಗದಗಿನ ರೈತನಿಗೆ ಕೊಟ್ಟದ್ದು ಶಾಪ. ನಾನು ಅವರನ್ನು ದೂರುತ್ತಿಲ್ಲ. ಧಾರವಾಡದಿಂದ ಯಾರೂ ಹೋಗಿ ಅಲ್ಲಿ ಉಪನ್ಯಾಸ ಮಾಡಿರಲಿಲ್ಲ.

ಅದೆಲ್ಲ ಹಳೆಯ ಮಾತು, ಈಗ ಮೊಬೈಲ್ ಇದೆಯಲ್ಲ ಎಂದು ಯಾರೋ ಹಿಂದಿನಿಂದ ಹೇಳಿದರು. ಇದೆ. 2022ರ ಮಾರ್ಚ್ 1ರಂದು ಉಕ್ರೇನಿನ ಹಾರ್ಕಿವ್‌ನಲ್ಲಿ ಶೆಲ್ ದಾಳಿಗೆ ಹಾವೇರಿ ಜಿಲ್ಲೆಯ ವೈದ್ಯಕೀಯ ವಿದ್ಯಾರ್ಥಿಯೊಬ್ಬ ಬಲಿಯಾದಾಗ ನಾವೆಲ್ಲ ಆ ಊರಿನ ಹೆಸರನ್ನು ನಾಲಿಗೆಗೆ ಹೊಂದಿಸಿಕೊಂಡೆವು. 1997ರವರೆಗೆ ಹಾವೇರಿ ಈ ಧಾರವಾಡ ಜಿಲ್ಲೆಯದೇ ಭಾಗ. ಅದೇ ತಿಂಗಳು ಸೂರ್ಯಕಾಂತಿ ಎಣ್ಣೆಯ ಬೆಲೆಯೂ ಏರಿತು. ಯುದ್ಧ ಇನ್ನೂ ನಡೆದಿತ್ತು. ನಮ್ಮ ಮಕ್ಕಳು ಮನೆಗೆ ಬಂದರು, ಎಣ್ಣೆಯ ಬೆಲೆ ಇಳಿಯಿತು, ಹಾರ್ಕಿವ್ ನಮ್ಮ ಮಾತಿನಿಂದ ಜಾರಿತು.

ಸುಡಾನಿನದು ಇನ್ನೂ ಕಠೋರ. 2023ರ ಏಪ್ರಿಲ್‌ನಲ್ಲಿ ಅಲ್ಲಿ ಕಾಳಗ ಶುರುವಾದಾಗ ನಮ್ಮ ಹಕ್ಕಿಪಿಕ್ಕಿ ಸಮುದಾಯದವರು, ಗಿಡಮೂಲಿಕೆ ಎಣ್ಣೆ ಮಾರಲು ಹೋದವರು, ಎಲ್ ಫಾಶರ್ ಊರಿನಲ್ಲಿ ಸಿಕ್ಕಿಬಿದ್ದರು. ವಿಧಾನಸಭೆ ಚುನಾವಣೆಯ ಹೊತ್ತು ಬೇರೆ. ಅವರ ಬಗ್ಗೆ ರಾಜಕಾರಣಿಗಳು ಟ್ವಿಟರ್‌ನಲ್ಲಿ ಜಗಳವಾಡಿದರು. ‘ಆಪರೇಷನ್ ಕಾವೇರಿ’ಯಲ್ಲಿ ಅವರು ಮರಳಿ ಬಂದರು, ಒಳ್ಳೆಯದಾಯಿತು. ಅವರೊಂದಿಗೆ ನಮ್ಮ ಕಾಳಜಿಯೂ ಅದೇ ವಿಮಾನದಲ್ಲಿ ವಾಪಸಾಯಿತು. ಆಮೇಲೆ ಆ ದೇಶದಲ್ಲಿ ಒಂದು ಕೋಟಿಗೂ ಹೆಚ್ಚು ಜನ ಮನೆ ಬಿಟ್ಟು ಓಡಿದರು. ಹಕ್ಕಿಪಿಕ್ಕಿಗಳು ಬಾಡಿಗೆಗಿದ್ದ ಅದೇ ಎಲ್ ಫಾಶರ್ ಒಂದೂವರೆ ವರ್ಷದ ಮುತ್ತಿಗೆ ತಡೆದು 2025ರ ಅಕ್ಟೋಬರ್‌ನಲ್ಲಿ ಬಿತ್ತು, ನರಮೇಧ ನಡೆಯಿತು. ನಮ್ಮ ಎಷ್ಟು ಪತ್ರಿಕೆಗಳ ಮುಖಪುಟದಲ್ಲಿ ನೋಡಿದಿರಿ?

ಆಗ ಬಂದ ಪ್ರಶ್ನೆ ಚೂಪಾಗಿತ್ತು: ಗಾಜಾ ಬಗ್ಗೆ ಮಾತಾಡುವವರು ಸುಡಾನ್ ಬಗ್ಗೆ ಸುಮ್ಮನಿರುವುದು ಸೋಗಲಾಡಿತನವಲ್ಲವೇ? ನನಗೆ ಹಾಗನ್ನಿಸುವುದಿಲ್ಲ. ಕಾಳಜಿ ಯಾವಾಗಲೂ ಆರಿಸಿಕೊಂಡೇ ಹುಟ್ಟುತ್ತದೆ. ಈ ಪ್ರಶ್ನೆ ಕೇಳುವವರಲ್ಲಿ ಹೆಚ್ಚಿನವರು ಸುಡಾನ್ ಬಗ್ಗೆಯೂ ಮಾತಾಡಿದವರಲ್ಲ. ಗಾಜಾ ಬಗ್ಗೆ ಬಾಯಿ ಮುಚ್ಚಿಸಲು ಅವರಿಗೆ ಸುಡಾನ್ ಬೇಕು, ಅಷ್ಟೇ. ನನ್ನನ್ನು ಹೆಚ್ಚು ಹೆದರಿಸುವುದು ಬೇರೆ. ಪರರ ಯುದ್ಧದಲ್ಲಿ ನಮ್ಮ ವ್ಯಾಜ್ಯ ಕಾಣುತ್ತದೆ ಎಂದೆನಲ್ಲ, ಅದು ಎರಡು ಅಲಗಿನ ಮಾತು. 2023ರ ಅಕ್ಟೋಬರ್ ನಂತರ ನಮ್ಮ ಟಿವಿ ಚರ್ಚೆಗಳನ್ನು ನೋಡಿದವರಿಗೆ ಗೊತ್ತಿದೆ, ಅಲ್ಲಿ ಗಾಜಾವೂ ಇರಲಿಲ್ಲ, ಇಸ್ರೇಲೂ ಇರಲಿಲ್ಲ. ನಮ್ಮ ಊರಿನ ಹಿಂದೂ ಮುಸ್ಲಿಂ ಜಗಳ ಬೇರೆ ಭೂಪಟ ಹಾಕಿಕೊಂಡು ಕುಳಿತಿತ್ತು. 1862ರಲ್ಲೂ ಹೀಗೇ ಆಯಿತು. ಇಟಲಿ ಸ್ವತಂತ್ರವಾದದ್ದನ್ನು ಕಂಡು ಕುಣಿದಿದ್ದ ಇಂಗ್ಲಿಷರಲ್ಲಿ ಹಲವರು ಅಮೆರಿಕದ ದಕ್ಷಿಣದಲ್ಲಿಯೂ ಸ್ವಾತಂತ್ರ್ಯಕ್ಕಾಗಿ ಹೋರಾಡುವ ಪುಟ್ಟ ರಾಷ್ಟ್ರವನ್ನೇ ಕಂಡರು. 1862ರ ಅಕ್ಟೋಬರ್‌ನಲ್ಲಿ ಬ್ರಿಟನ್ನಿನ ಮಂತ್ರಿಯಾಗಿದ್ದ ಗ್ಲಾಡ್‌ಸ್ಟನ್, ದಕ್ಷಿಣದ ನಾಯಕರು ಒಂದು ರಾಷ್ಟ್ರವನ್ನೇ ಕಟ್ಟಿದ್ದಾರೆ ಎಂದು ಬಹಿರಂಗವಾಗಿ ಹೊಗಳಿದರು. ಅವರು ಕಂಡ ಆ ಚಿತ್ರದಲ್ಲಿ ಗುಲಾಮನಿಗೆ ಜಾಗವೇ ಇರಲಿಲ್ಲ. ರೆಮಂಡ್‌ಳ ಮಾತು ಕೇಳಿದವನಿಗೆ ಅಷ್ಟು ಸಲೀಸಾಗಿ ಮರೆಯಲು ಆಗುತ್ತಿರಲಿಲ್ಲ.

ಎದುರಿಗೆ ಬಂದು ನಿಲ್ಲುವುದರ ಬಲ ಎಷ್ಟು ಎಂಬುದಕ್ಕೆ ಲ್ಯಾಂಕಷೈರ್‌ನಲ್ಲೇ ಇನ್ನೊಂದು ಸಾಕ್ಷಿಯಿದೆ. ಈ ಸಲ ಭಾರತದಿಂದ ಒಬ್ಬರು ಹೋದರು. 1931ರ ಸೆಪ್ಟೆಂಬರ್‌ನಲ್ಲಿ, ದುಂಡುಮೇಜಿನ ಪರಿಷತ್ತಿನ ನಡುವೆ, ಗಾಂಧೀಜಿ ಡಾರ್ವೆನ್ ಊರಿಗೆ ಹೋದರು. ಆ ಸೀಮೆಯ ಗಿರಣಿಗಳು ಭಾರತಕ್ಕೆ ಧೋತರ ನೇಯ್ದು ಬದುಕಿದ್ದವು. ವಿದೇಶಿ ಬಟ್ಟೆ ಬಹಿಷ್ಕಾರದ ಏಟು ಅವಕ್ಕೆ ಬಿದ್ದಿತ್ತು. ಏಟು ಹಾಕಿದವನೇ ಬಂದು ಅವರ ನಡುವೆ ನಿಂತ. ನಿಮ್ಮಲ್ಲಿ ಮೂವತ್ತು ಲಕ್ಷ ನಿರುದ್ಯೋಗಿಗಳಿದ್ದಾರೆ, ನಮ್ಮಲ್ಲಿ ಮೂವತ್ತು ಕೋಟಿ ಜನಕ್ಕೆ ವರ್ಷದಲ್ಲಿ ಅರ್ಧ ಕಾಲ ಕೆಲಸವಿಲ್ಲ ಎಂದು ಲೆಕ್ಕ ಒಪ್ಪಿಸಿದ. ಗಿರಣಿಯ ಹೆಣ್ಣುಮಕ್ಕಳು ಅವರನ್ನು ಸುತ್ತುವರಿದು ಕೈ ಎತ್ತಿ ನಗುತ್ತಿರುವ ಚಿತ್ರವನ್ನು ನೀವು ನೋಡಿರುತ್ತೀರಿ. ಕೆಲಸ ಕಳೆದುಕೊಂಡ ಒಬ್ಬಾತ ಹೇಳಿದ್ದನ್ನು ಗಾಂಧೀಜಿಯ ಕಾರ್ಯದರ್ಶಿ ಮಹಾದೇವ ದೇಸಾಯಿ ದಾಖಲಿಸಿದ್ದಾರೆ: ನಾನೂ ನಿರುದ್ಯೋಗಿ, ಆದರೆ ನಾನು ಭಾರತದಲ್ಲಿದ್ದರೆ ಗಾಂಧಿ ಹೇಳುವುದನ್ನೇ ಹೇಳುತ್ತಿದ್ದೆ.

ಕೊನೆಗೆ, ಹಾಗಾದರೆ ನಾವೇನು ಮಾಡಬೇಕು ಎಂದು ಕೇಳಿದಿರಿ. ಮೆರವಣಿಗೆ ಮಾಡಿ ಎಂದು ನಾನು ಹೇಳುವುದಿಲ್ಲ. ಬೆಂಗಳೂರು, ಮೈಸೂರಿನ ಕಾಲೇಜುಗಳಿಗೆ ಸುಡಾನಿನಿಂದ ವಿದ್ಯಾರ್ಥಿಗಳು ಬಹಳ ಕಾಲದಿಂದ ಓದಲು ಬರುತ್ತಿದ್ದಾರೆ. ಮುಂದಿನ ಉಪನ್ಯಾಸಕ್ಕೆ ನನ್ನಂಥವರ ಬದಲು ಅವರಲ್ಲೊಬ್ಬರನ್ನು ಕರೆಯಿರಿ. ಖರ್ಚೇನೂ ಹೆಚ್ಚಲ್ಲ, ಬೆಂಗಳೂರಿನಿಂದ ಧಾರವಾಡಕ್ಕೆ ಒಂದು ರಾತ್ರಿಯ ರೈಲು. ನಾನು ಹಿಂದಿನ ಸಾಲಿನಲ್ಲಿ ಕುಳಿತು ಕೇಳುತ್ತೇನೆ.